ಗೋಡೆಯ ಕಲೆ

ತುರುವನೂರಿನ ನಮ್ಮ ಹಳೇ ಮನೆಯ ಪಡಸಾಲೆಯಲ್ಲಿ, ನೆಲದಿಂದ ಎರಡೂವರೆ ಅಡಿ ಎತ್ತರಕ್ಕೆ, ಗೋಡೆಯ ಮೇಲೊಂದು ಕಲೆ ಇತ್ತು. ಅಂಗೈಯಗಲದ ಜಿಡ್ಡು ಕಲೆ. ಹೊಲದಿಂದ ಬಂದ ಅಜ್ಜ ಕೈಕಾಲು ತೊಳೆದು, ಕಂಬಳಿ ಹಾಸಿಕೊಂಡು, ಅಲ್ಲಿಗೇ ತಲೆ ಆನಿಸಿ ಕೂರುತ್ತಿದ್ದ. ತಲೆಗೆ ದಿನವೂ ಹರಳೆಣ್ಣೆ. ಕೂತೂ ಕೂತೂ ಅವನ ತಲೆಯ ಎಣ್ಣೆಯನ್ನೆಲ್ಲ ಗೋಡೆ ಕುಡಿದಿತ್ತು. ಯುಗಾದಿಗೆ ಅವ್ವ ಸುಣ್ಣ ಬಳಿಯುವಳು. ಕಾರಹುಣ್ಣಿಮೆ ಹೊತ್ತಿಗೆ ಅದು ಸುಣ್ಣದೊಳಗಿಂದ ಮತ್ತೆ ಇಣುಕುವುದು. ಅಜ್ಜ ತೀರಿಕೊಂಡ ಮೇಲೂ ಎರಡು ಯುಗಾದಿ ಹೀಗೇ ಇಣುಕಿತು. ನಾವು ಯಾರೂ ಅದನ್ನು ನೋಡುತ್ತಿರಲಿಲ್ಲ. ದಿನಾ ಕಣ್ಣಿಗೆ ಬೀಳುವುದನ್ನು ಯಾರು ನೋಡುತ್ತಾರೆ?

ನೋಡಿದವರು ಹೊರಗಿನವರು. ಇಪ್ಪತ್ತು ವರ್ಷದ ಹಿಂದಿನ ಮಾತು. ಬೆಂಗಳೂರಿನಿಂದ ಸಿನಿಮಾದವರು ಊರಿಗೆ ಬಂದಿದ್ದರು. ಅವರ ಕಥೆಗೆ ನಮ್ಮ ಚಿತ್ರದುರ್ಗದ ಸೀಮೆಯ ಮಾಳಿಗೆ ಮನೆ ಬೇಕಾಗಿತ್ತು. ಜೀಪಿನ ತುಂಬ ಜನ. ಎಲ್ಲರೂ ತಲೆಬಾಗಿಲ ಮೇಲಿನ ಗಜಲಕ್ಷ್ಮಿಯನ್ನು ಕತ್ತೆತ್ತಿ ನೋಡುತ್ತ, ಕಂಬ ತಟ್ಟುತ್ತ, ಗವಾಕ್ಷಿಯಿಂದ ಬೀಳುವ ಬಿಸಿಲಿಗೆ ಕೈಯೊಡ್ಡುತ್ತ ‘ಸೂಪರ್’ ಅನ್ನುತ್ತಿದ್ದರು. ಅವರ ಜೊತೆ ಬಂದಿದ್ದ ಒಬ್ಬ ಸಣಕಲು ಮನುಷ್ಯ, ಪ್ಯಾಂಟಿನ ತುಂಬ ಒಣಗಿದ ಬಣ್ಣ, ಕೈಯಲ್ಲೊಂದು ಟೇಪು, ಒಳಗೆ ಬಂದವರೇ ಆ ಕಲೆಯ ಮುಂದೆ ಕುಕ್ಕರುಗಾಲಲ್ಲಿ ಕೂತುಬಿಟ್ಟರು.

‘ಇದು ಯಾರ ತಲೆ?’ ಅಂದರು.

ಅವ್ವನಿಗೆ ಗಾಬರಿ. ಗೋಡೆ ಗಲೀಜಾಗಿದೆ ಅಂತ ಆಡಿಕೊಳ್ಳುತ್ತಿದ್ದಾರೆ ಅಂದುಕೊಂಡು, ‘ಈ ಹಬ್ಬಕ್ಕೆ ಬಳಿತೀವಿ ಸ್ವಾಮಿ’ ಅಂದಳು.

‘ಬಳೀಬೇಡಿ ಅಮ್ಮ. ಇದನ್ನ ಮಾಡೋಕೆ ನಂಗೆ ಅರ್ಧ ದಿನ ಹಿಡಿಯುತ್ತೆ. ಇವರಿಗೆ ಎಷ್ಟು ವರ್ಷ ಹಿಡೀತು?’

ಅವ್ವ ಲೆಕ್ಕ ಹಾಕಿದಳು. ತಾನು ಈ ಮನೆಗೆ ಸೊಸೆಯಾಗಿ ಬಂದಾಗಲೇ ಅದು ಇತ್ತು ಅಂದಳು. ಅವರು ಟೇಪು ಹಿಡಿದು ನೆಲದಿಂದ ಎತ್ತರ ಅಳೆದರು, ಅಗಲ ಅಳೆದರು, ಬೆರಳಿಂದ ಮುಟ್ಟಿ ಮೂಸಿಯೂ ನೋಡಿದರು. ಒಂದು ಲೋಟ ಮಜ್ಜಿಗೆ ಕುಡಿದು ಹೋದರು. ಅವರು ಆ ಚಿತ್ರದ ಕಲಾ ನಿರ್ದೇಶಕರು ಅಂತ ಆಮೇಲೆ ಗೊತ್ತಾಯಿತು.

ಕಲೆ ಅನ್ನುವ ಒಂದೇ ಮಾತು ಕನ್ನಡದಲ್ಲಿ ಎರಡು ಸಂಸಾರ ನಡೆಸುತ್ತದೆ. ಸೀರೆಗೆ ಹತ್ತಿದ್ದೂ ಕಲೆ, ಬೇಲೂರಿನ ಗೋಡೆಗಿರುವುದೂ ಕಲೆ. ಒಂದು ಸಂಸ್ಕೃತದ್ದು, ಇನ್ನೊಂದು ನಮ್ಮದೇ, ಎರಡಕ್ಕೂ ನೆಂಟಸ್ತಿಕೆ ಇಲ್ಲ ಅಂತ ಪಂಡಿತರು ಹೇಳಬಹುದು. ಆ ಮಧ್ಯಾಹ್ನ ನಮ್ಮ ಪಡಸಾಲೆಯಲ್ಲಿ ಕೂತಿದ್ದ ಮನುಷ್ಯನನ್ನು ನೋಡಿದ್ದರೆ ಅವರೂ ಸ್ವಲ್ಪ ಯೋಚಿಸುತ್ತಿದ್ದರು.

ಕಲಾ ನಿರ್ದೇಶಕರ ಕೆಲಸವನ್ನು ನಾವು ಸೆಟ್ ಹಾಕುವುದು ಅನ್ನುತ್ತೇವೆ. ಹಾಕುವುದು ಸುಲಭ. ರೀಪರ್ ಪಟ್ಟಿಗಳ ಚೌಕಟ್ಟು, ಅದರ ಮೇಲೆ ಪ್ಲೈವುಡ್ಡು, ಮಣ್ಣಿನ ಗೋಡೆ ಬೇಕೆಂದರೆ ಪ್ಲಾಸ್ಟರಿನಲ್ಲಿ ಅದ್ದಿದ ಗೋಣಿಬಟ್ಟೆ, ಮೇಲೊಂದು ಕೈ ಬಣ್ಣ. ಎಂಟು ದಿನದಲ್ಲಿ ತೊಟ್ಟಿಮನೆ ಎದ್ದು ನಿಲ್ಲುತ್ತದೆ. ಕಷ್ಟ ಇರುವುದು ಆಮೇಲೆ. ಎದ್ದು ನಿಂತದ್ದು ಹೊಸದಾಗಿ ಫಳಫಳ ಅನ್ನುತ್ತಿರುತ್ತದೆ. ಅದನ್ನು ಹಳೆಯದು ಮಾಡಬೇಕು. ಹೊಸ ಮರವನ್ನು ಬ್ಲೋ ಲ್ಯಾಂಪಿನಿಂದ ಸುಟ್ಟು, ತಂತಿ ಬ್ರಷ್ಷಿನಿಂದ ಉಜ್ಜಿದರೆ ಮೆತ್ತಗಿನ ಭಾಗ ಉದುರಿ ಗಟ್ಟಿ ಎಳೆ ಮೇಲೇಳುತ್ತದೆ. ನೂರು ಮಳೆಗಾಲ ಕಂಡ ಹಲಗೆಯಂತಾಗುತ್ತದೆ. ದೀಪದ ಗೂಡಿನ ಮೇಲೆ ಮಸಿ ಗೋಪುರದ ಆಕಾರದಲ್ಲಿ ಏರಬೇಕು. ಕಿಟಕಿಯ ಮೂಲೆಯಿಂದ ಮಳೆನೀರಿನ ಕಂದು ಗೀರು ಇಳಿಯಬೇಕು; ಅದಕ್ಕೆ ಟೀ ಡಿಕಾಕ್ಷನ್ ಆಗುತ್ತದೆ. ಅಗುಳಿಯ ಸುತ್ತ ಮರ ನುಣ್ಣಗಾಗಿರಬೇಕು, ಕೈ ತಾಗದ ಮೇಲಂಚು ಒರಟಾಗಿಯೇ ಇರಬೇಕು. ಮನುಷ್ಯರು ಎಲ್ಲೆಲ್ಲಿ ಮುಟ್ಟುತ್ತಾರೆ, ಎಲ್ಲಿ ಒರಗುತ್ತಾರೆ, ಎಲ್ಲಿ ಸುಣ್ಣದ ಬೆರಳು ಒರೆಸುತ್ತಾರೆ ಅನ್ನುವುದೆಲ್ಲ ಬಾಯಿಪಾಠ ಇರಬೇಕು. ಇಲ್ಲದ ಮನೆಯಲ್ಲಿ ಇಲ್ಲದ ಮನುಷ್ಯರು ಕಳೆದ ಇಲ್ಲದ ಕಾಲವನ್ನು ಮೂರು ದಿನದಲ್ಲಿ ಕಳೆದು ಮುಗಿಸುವ ಕಸುಬು ಇದು. ನಮ್ಮ ಮನೆಯಲ್ಲಿ ತಲೆ ಮೊದಲು ಬಂತು, ಕಲೆ ಆಮೇಲೆ. ಸೆಟ್ಟಿನಲ್ಲಿ ಕಲೆ ಮೊದಲು. ಅಲ್ಲಿ ಬಂದು ಒರಗಲು ಒಂದು ತಲೆಯನ್ನು ಆಮೇಲೆ ಕರೆಸುತ್ತಾರೆ.

ಇಷ್ಟು ಜತನದಿಂದ ಮುದಿಯಾಗಿಸಿದ್ದಕ್ಕೆ ಮುದಿಯಾಗುವ ಭಾಗ್ಯ ಇಲ್ಲ. ಶೂಟಿಂಗ್ ಮುಗಿದ ಮರುದಿನವೇ ಒಡೆಯುತ್ತಾರೆ, ಸ್ಟುಡಿಯೋದ ಬಾಡಿಗೆ ದಿನದ ಲೆಕ್ಕದ್ದು. ನಮ್ಮೂರಿನ ಗಾರೆ ಕೆಲಸದವನು ಅರವತ್ತರ ವಯಸ್ಸಿಗೆ ಮೊಮ್ಮಗನನ್ನು ಕರೆದುಕೊಂಡು ಓಣಿಯಲ್ಲಿ ನಡೆದರೆ, ಈ ಗೋಡೆ ನಂದು, ಆ ಕಟ್ಟೆ ನಂದು ಅಂತ ತೋರಿಸಬಲ್ಲ. ನಲವತ್ತು ವರ್ಷ ಊರಿಗೆ ಊರೇ ಕಟ್ಟಿದ ಕಲಾ ನಿರ್ದೇಶಕನಿಗೆ ತೋರಿಸಲು ಒಂದು ಕಟ್ಟೆಯೂ ಇರುವುದಿಲ್ಲ.

ಹಾಲಿವುಡ್ಡಿನಲ್ಲಿ ಈ ಕೆಲಸಕ್ಕೆ ಪ್ರೊಡಕ್ಷನ್ ಡಿಸೈನರ್ ಎಂಬ ದೊಡ್ಡ ಹೆಸರು ನಿಂತದ್ದು 1939ರ ‘ಗಾನ್ ವಿತ್ ದ ವಿಂಡ್’ ಚಿತ್ರದಿಂದ. ಹೆಸರು ಪಡೆದವರು ವಿಲಿಯಂ ಕ್ಯಾಮರಾನ್ ಮೆಂಜೀಸ್. ಅದರ ಚಿತ್ರೀಕರಣ ಶುರುವಾದದ್ದೇ ಬೆಂಕಿಯಿಂದ. ಅಟ್ಲಾಂಟಾ ನಗರ ಉರಿಯುವ ದೃಶ್ಯಕ್ಕೆಂದು 1938ರ ಡಿಸೆಂಬರ್ 10ರ ರಾತ್ರಿ ಅವರು ಸುಟ್ಟದ್ದು ಸ್ಟುಡಿಯೋದ ಹಿಂದೆ ಬಿದ್ದಿದ್ದ ಹಳೇ ಚಿತ್ರಗಳ ಸೆಟ್ಟುಗಳನ್ನು. ‘ಕಿಂಗ್ ಕಾಂಗ್’ನ ದೈತ್ಯ ಕೋತಿಯನ್ನು ತಡೆದಿದ್ದ ದೊಡ್ಡ ಗೋಡೆಯೂ ಅದರಲ್ಲಿ ಸುಟ್ಟುಹೋಯಿತು. ಹಳೇ ಸುಳ್ಳನ್ನು ಸುಟ್ಟು ಹೊಸ ಸುಳ್ಳಿಗೆ ಬೆಳಕು ಮಾಡಿಕೊಂಡರು. ಸೆಟ್ಟಿನವರಿಗೆ ಇದರಲ್ಲಿ ವಿಚಿತ್ರ ಏನೂ ಕಾಣುವುದಿಲ್ಲ. ಇವತ್ತಿನ ಅರಮನೆಯ ರೀಪರೇ ನಾಳೆಯ ಗುಡಿಸಲಿನ ಗಳು.

1939 ಅಂದಾಗ ನಮ್ಮೂರಿನವರಿಗೆ ಬೇರೆಯದೇ ನೆನಪಾಗುತ್ತದೆ. ಅದು ತುರುವನೂರಿನ ಅರಣ್ಯ ಸತ್ಯಾಗ್ರಹದ ವರ್ಷ. ಎಸ್. ನಿಜಲಿಂಗಪ್ಪನವರ ಮುಂದಾಳತ್ವದಲ್ಲಿ ಜನ ಕೊಡಲಿ ಹಿಡಿದು ಹೋಗಿ ಈಚಲ ಮರ ಕಡಿದರು. ಮರದಿಂದ ಸೇಂದಿ, ಸೇಂದಿಯಿಂದ ಸರ್ಕಾರಕ್ಕೆ ಆದಾಯ. ಮರ ಕಡಿದರೆ ಎರಡಕ್ಕೂ ಪೆಟ್ಟು, ಜೊತೆಗೆ ಕಾನೂನು ಮುರಿದಂತೆಯೂ ಆಯಿತು. ಜೈಲಿಗೂ ಹೋದರು. ಊರೂರಿಗೂ ಮರಗಳಿರುತ್ತವೆ, ಯಾರೂ ಬರೆದಿಡುವುದಿಲ್ಲ. ನಮ್ಮೂರು ಚರಿತ್ರೆಯ ಪುಸ್ತಕಕ್ಕೆ ಸೇರಿದ್ದು ನಿಂತ ಮರದಿಂದಲ್ಲ, ಕಡಿದ ಮರದಿಂದ. ಇಲ್ಲವಾದದ್ದರಿಂದಲೇ ಹೆಸರಾದ ಊರಿನವನಾದ ನನಗೆ ಕಲಾ ನಿರ್ದೇಶಕರ ಬಗ್ಗೆ ವಿಶೇಷ ಮಮತೆ ಇರುವುದು ಸಹಜ.

ದುರ್ಗದ ಜೊತೆ ಹೆಸರು ಕೂಡಿಕೊಂಡಿರುವ ಒಬ್ಬ ದೊಡ್ಡ ಕಲಾ ನಿರ್ದೇಶಕರಿದ್ದರು, ಪಿ. ಕೃಷ್ಣಮೂರ್ತಿ. ತಮಿಳರು, ಹುಟ್ಟಿದ್ದು 1943ರಲ್ಲಿ ಪೂಂಪುಹಾರಿನಲ್ಲಿ. ಕಾವೇರಿ ಸಮುದ್ರ ಸೇರುವ ಆ ಜಾಗದ ಹಳೆಯ ಪಟ್ಟಣವನ್ನು ಕಡಲು ನುಂಗಿತು ಅಂತ ತಮಿಳಿನ ‘ಮಣಿಮೇಖಲೈ’ ಹೇಳುತ್ತದೆ. ಮುಳುಗಿದ ಊರಿನ ಹುಡುಗ ಮದರಾಸಿನ ಕಲಾಶಾಲೆಯಲ್ಲಿ ಚಿತ್ರ ಬರೆಯುವುದನ್ನು ಕಲಿತು, ಮೊದಲ ಚಿತ್ರಕ್ಕೆ ಕಲಾ ನಿರ್ದೇಶನ ಮಾಡಿದ್ದು ಕನ್ನಡದಲ್ಲಿ. ಅದು ಜಿ.ವಿ. ಅಯ್ಯರ್ ಅವರ ‘ಹಂಸಗೀತೆ’, 1975. ಕಥೆ ನಮ್ಮ ತಳುಕಿನ ತ.ರಾ.ಸು. ಅವರದು; ದುರ್ಗದ ಗಾಯಕ ಭೈರವಿ ವೆಂಕಟಸುಬ್ಬಯ್ಯನದು. ಹಾಡುವವನ ಕಥೆಗೆ ಮನೆ, ಗುಡಿ, ಊರು ಕಟ್ಟುವುದರಿಂದ ಅವರ ವೃತ್ತಿ ಶುರುವಾಯಿತು ಅನ್ನುವುದು ನನಗೆ ತುಂಬ ಹಿಡಿಸುವ ಸಂಗತಿ. ಹಾಡಿನ ಪಾಡೂ ಅದೇ ಅಲ್ಲವೆ. ಬಾಯಿಂದ ಹೊರಟಿತು, ಗಾಳಿಗೆ ಹೋಯಿತು. ಆ ಚಿತ್ರದ ಹಾಡಿಗೆ ಬಾಲಮುರಳಿಕೃಷ್ಣ ಅವರಿಗೆ ರಾಷ್ಟ್ರಪ್ರಶಸ್ತಿ ಬಂತು. ಕೃಷ್ಣಮೂರ್ತಿ ಅವರಿಗೆ ಬರಲು ಇನ್ನೂ ಹನ್ನೊಂದು ವರ್ಷ ಇತ್ತು. ಅಯ್ಯರ್ ಜೊತೆಯಲ್ಲೇ 1983ರ ‘ಆದಿ ಶಂಕರಾಚಾರ್ಯ’ ಮಾಡಿದರು. 1986ರ ‘ಮಧ್ವಾಚಾರ್ಯ’ಕ್ಕೆ ರಾಷ್ಟ್ರಪ್ರಶಸ್ತಿ ಪಡೆದರು. ಮುಂದೆ ಮಲಯಾಳದ ‘ಒರು ವಡಕ್ಕನ್ ವೀರಗಾಥ’, ತಮಿಳಿನ ‘ಭಾರತಿ’ ಎರಡರಲ್ಲೂ ಕಲಾ ನಿರ್ದೇಶನಕ್ಕೂ ವಸ್ತ್ರವಿನ್ಯಾಸಕ್ಕೂ ಬಂದವು. ಒಟ್ಟು ಐದು. ಜಗತ್ತು ಮಿಥ್ಯೆ ಅಂದ ಶಂಕರರಿಗೂ, ಇಲ್ಲ, ಸತ್ಯವೇ ಅಂದ ಮಧ್ವರಿಗೂ ಒಬ್ಬರೇ ಮನುಷ್ಯ ಮನೆ ಕಟ್ಟಿಕೊಟ್ಟರು. ಎರಡಕ್ಕೂ ಬಳಸಿದ್ದು ಅದೇ ಮರ, ಅದೇ ಬಣ್ಣ ಇರಬೇಕು. 2020ರ ಡಿಸೆಂಬರಿನಲ್ಲಿ ಚೆನ್ನೈಯಲ್ಲಿ ತೀರಿಕೊಂಡರು. ಪತ್ರಿಕೆಗಳಲ್ಲಿ ಒಂದು ಕಾಲಂ ಬಂತು. ನಟರು ಹೋದರೆ ಇಡೀ ಪುಟ.

ನಮ್ಮ ಮನೆಗೆ ಬಂದಿದ್ದವರ ಚಿತ್ರ ನಮ್ಮೂರಲ್ಲಿ ನಡೆಯಲಿಲ್ಲ. ಊರ ತುಂಬ ಕರೆಂಟಿನ ತಂತಿ, ಡಿಶ್ಶು. ಮರೆಮಾಡುವುದು ಕಷ್ಟ ಅಂತ ಬೆಂಗಳೂರಿನಲ್ಲೇ ಸೆಟ್ ಹಾಕಿದರು. ಆ ಸಲ ನಾನು ಬೇರೆ ಕೆಲಸಕ್ಕೆ ಬೆಂಗಳೂರಿಗೆ ಹೋದವನು ಅವರಿಗೆ ಫೋನ್ ಮಾಡಿದೆ. ‘ಬನ್ನಿ, ಆದರೆ ನಾಳೆ ಒಡೀತೀವಿ’ ಅಂದರು. ಹೋದೆ.

ಹೆಂಚಿನ ಶೆಡ್ಡಿನ ಕೆಳಗೆ ನಮ್ಮ ಪಡಸಾಲೆ ನಿಂತಿತ್ತು. ಅದೇ ಕಂಬ, ಅದೇ ಗೂಡು, ಅದೇ ಗೋದಲಿ. ಗೋದಲಿಯಲ್ಲಿ ಸಪ್ಪೆ ಕೂಡ ಹಾಕಿದ್ದರು. ನಾನು ಮೊದಲು ನೋಡಿದ್ದು ಗೋಡೆಯನ್ನು. ಕಲೆ ಇತ್ತು! ಸುಣ್ಣದ ಒಳಗಿಂದ ಇಣುಕುವ ಅದೇ ತರ, ಅಂಚಿನಲ್ಲಿ ತಿಳಿಯಾಗುತ್ತ ಹೋಗಿ ಎಲ್ಲಿ ಮುಗಿಯಿತು ಅಂತ ಗೊತ್ತಾಗದ ಹಾಗೆ. ಕಣ್ಣು ತುಂಬಿ ಬಂತು ಅಂದರೆ ನಗಬೇಡಿ. ಸತ್ತವನು ಬೆಂಗಳೂರಿನ ಪ್ಲೈವುಡ್ಡಿಗೆ ಒರಗಿ ಎದ್ದುಹೋದ ಹಾಗಿತ್ತು. ಕೈಯಿಂದ ಎತ್ತರ ನೋಡಿದೆ. ಸ್ವಲ್ಪ ಮೇಲಾಯಿತು ಅನಿಸಿತು.

‘ಎರಡು ಇಂಚು ಮೇಲೆ ಹಾಕಿದೀನಿ’ ಅಂದರು ಅವರು. ‘ನಮ್ಮ ನಟರು ನಿಮ್ಮಜ್ಜನಿಗಿಂತ ಎತ್ತರ.’

ಮರುದಿನ ಒಡೆದರು. ನಾಲ್ಕು ಹುಡುಗರು, ಎರಡು ಸುತ್ತಿಗೆ, ಒಂದು ಹಾರೆ. ಗೋಡೆಯನ್ನು ಮುಂದಕ್ಕೆ ಎಳೆದಾಗ ಅದು ಒಂದೇ ಏಟಿಗೆ ಮಕಾಡೆ ಬಿತ್ತು. ಹಿಂದುಗಡೆ ನೋಡಿದರೆ ಬರೀ ಪಟ್ಟಿ, ಮೊಳೆ, ಯಾವುದೋ ಹಳೇ ಚಿತ್ರದ ಗುಲಾಬಿ ಬಣ್ಣ, ಯಾರೋ ಪೆನ್ಸಿಲಿನಲ್ಲಿ ಗೀಚಿಟ್ಟ ಊಟದ ಲೆಕ್ಕ. ‘ಬೇಜಾರಾಗಲ್ವಾ ಸಾರ್?’ ಅಂತ ಕೇಳಬಾರದ್ದನ್ನು ಕೇಳಿದೆ. ಅವರು ನನ್ನ ಕಡೆ ತಿರುಗಲೇ ಇಲ್ಲ. ಹುಡುಗರಿಗೆ, ‘ಏಯ್, ಮೊಳೆ ಎಲ್ಲ ಹೆಕ್ಕಿ. ಅಡುಗೆಯವರ ಮಕ್ಕಳು ಬರಿಗಾಲಲ್ಲಿ ಓಡಾಡ್ತವೆ’ ಅಂದರು. ಮೊಳೆ ಹೆಕ್ಕಿಸಿದ ಮೇಲೆ ನನಗೆ ಟೀ ಕುಡಿಸಿದರು. ವೈರಾಗ್ಯದ ಮಾತು ಬಹಳ ಕೇಳಿದ್ದೇನೆ, ಮಠದ ಅಂಗಳದಲ್ಲಿ, ತಿಥಿ ಮನೆಯಲ್ಲಿ. ಮೊಳೆ ಹೆಕ್ಕಿಸಿದ ವೈರಾಗ್ಯ ಅದೊಂದೇ.

ಚಿತ್ರ ಬಂದಾಗ ಚಿತ್ರದುರ್ಗಕ್ಕೆ ಹೋಗಿ ನೋಡಿದೆ. ಆ ಗೋಡೆ ಎರಡು ಸಲ ಬರುತ್ತದೆ, ಎರಡು ಸಲವೂ ಮಸುಕಾಗಿ, ನಾಯಕನ ಭುಜದ ಹಿಂದೆ. ಕಲೆ ಯಾರಿಗೂ ಕಂಡಿರಲಾರದು. ಹಾಗಾದರೆ ಯಾಕೆ ಮಾಡಿದರು? ಮೊದಲು ನನಗೂ ಇದು ದಂಡ ಅನಿಸಿತ್ತು. ಈಗ ಹಾಗನಿಸುವುದಿಲ್ಲ. ನಮ್ಮ ಮನೆಯಲ್ಲೂ ಅದನ್ನು ಯಾರೂ ನೋಡುತ್ತಿರಲಿಲ್ಲವಲ್ಲ. ಅದಿಲ್ಲದಿದ್ದರೆ ಅದು ನಮ್ಮ ಮನೆ ಆಗುತ್ತಿರಲಿಲ್ಲ, ಅಷ್ಟೆ. ಎಸ್.ಜಿ. ವಾಸುದೇವ್ ಕೆಲಸ ಮಾಡಿದ ‘ಸಂಸ್ಕಾರ’ದ ಅಗ್ರಹಾರ, ರಮೇಶ್ ದೇಸಾಯಿ ಅವರಿಗೆ ರಾಷ್ಟ್ರಪ್ರಶಸ್ತಿ ತಂದ ‘ತಾಯಿ ಸಾಹೇಬ’ದ ಮನೆ, ಇವುಗಳನ್ನು ನೋಡುವಾಗ ಪಾತ್ರಗಳು ಬರುವ ಮೊದಲೇ ಅಲ್ಲಿ ಯಾರೋ ಬದುಕಿದ್ದಾರೆ ಅನಿಸುತ್ತದೆ. ಈಗಿನ ಸೀರಿಯಲ್ ಮನೆಗಳನ್ನು ನೋಡಿ. ಮೂರು ವರ್ಷ ನಡೆದ ಧಾರಾವಾಹಿಯ ಗೋಡೆಯ ಮೇಲೆ ಒಂದು ಬೆರಳಿನ ಗುರುತಿಲ್ಲ. ಅಡುಗೆಮನೆಯಲ್ಲಿ ಒಗ್ಗರಣೆ ಸಿಡಿದಿಲ್ಲ. ಆ ಮನೆಗಳಿಗೆ ಎರಡೂ ಅರ್ಥದಲ್ಲಿ ಕಲೆ ಇಲ್ಲ.

ದುರ್ಗದ ಕೋಟೆಗೆ ಬಂದವರೆಲ್ಲ ಕಲ್ಲು ನೋಡುತ್ತಾರೆ. ಏಳು ಸುತ್ತು, ಒನಕೆ ಕಿಂಡಿ, ಅಕ್ಕ ತಂಗಿ ಹೊಂಡ. ಮೇಲೆ ಹೋದರೆ ಪಾಳೆಯಗಾರರ ಅರಮನೆಯ ಜಾಗದಲ್ಲಿ ಮಣ್ಣಿನ ಗೋಡೆಗಳು ನಿಂತಿವೆ, ಸೂರಿಲ್ಲದೆ, ಮಳೆಗೆ ಕರಗುತ್ತ. 1779ರಲ್ಲಿ ಹೈದರಾಲಿ ಕೋಟೆ ಗೆದ್ದು ಮದಕರಿನಾಯಕನನ್ನು ಹಿಡಿದುಕೊಂಡು ಹೋದ ಮೇಲೆ ಆ ಗೋಡೆಗಳು ಸುಣ್ಣ ಕಂಡಿಲ್ಲ. ಸೈನಿಕರಿಗೆ ಕಲ್ಲು ಕಟ್ಟಿದರು, ದೊರೆಗೆ ಮಣ್ಣು ಕಟ್ಟಿಕೊಂಡರು. ಯೋಚಿಸಿದರೆ ಸರಿಯಾಗಿಯೇ ಇದೆ. ಶತ್ರುವನ್ನು ತಡೆಯುವುದಕ್ಕೆ ಕಲ್ಲು ಬೇಕು. ಬದುಕುವುದಕ್ಕೆ ಮಣ್ಣಿನ ತಂಪು ಸಾಕು.

1972ರಲ್ಲಿ ಪುಟ್ಟಣ್ಣ ಕಣಗಾಲ್ ಇಲ್ಲಿಗೆ ‘ನಾಗರಹಾವು’ ತೆಗೆಯಲು ಬಂದಾಗ ಕೋಟೆಗೆ ಕಲಾ ನಿರ್ದೇಶಕ ಬೇಕಾಗಿರಲಿಲ್ಲ. ಬಂಡೆಗಳನ್ನು ಯಾರು ಅಷ್ಟು ಚೆನ್ನಾಗಿ ಜೋಡಿಸಿಯಾರು? ಆದರೆ ತಮಾಷೆ ನೋಡಿ. ಚಿತ್ರ ಬಂದ ಮೇಲೆ ಕೋಟೆಯೇ ಚಿತ್ರದ ಸೆಟ್ಟಾಯಿತು. ಇವತ್ತಿಗೂ ಬಸ್ಸಿಳಿದು ಬಂದ ಜನ ಮದಕರಿ ನಿಂತ ಜಾಗ ಕೇಳುವುದಕ್ಕಿಂತ ಮೊದಲು ಚಿತ್ರದ ನಾಯಕ ರಾಮಾಚಾರಿ ಕೂತ ಬಂಡೆ ಕೇಳುತ್ತಾರೆ. ವಿಷ್ಣುವರ್ಧನ್ ಇಲ್ಲ, ಜಯಂತಿ ಇಲ್ಲ, ಪುಟ್ಟಣ್ಣ ಇಲ್ಲ. ಬಂಡೆಗೆ ಇದ್ಯಾವುದೂ ತಿಳಿದಂತಿಲ್ಲ.

ಇನ್ನೂ ಹಿಂದಕ್ಕೆ ಹೋದರೆ ಇದೇ ಜಿಲ್ಲೆಯ ಮೊಳಕಾಲ್ಮೂರು ತಾಲ್ಲೂಕಿನ ಬ್ರಹ್ಮಗಿರಿಯಲ್ಲಿ ಅಶೋಕನ ಶಾಸನ ಇದೆ. 1892ರಲ್ಲಿ ಬಿ.ಎಲ್. ರೈಸ್ ಪತ್ತೆ ಮಾಡಿದ್ದು. ಇಸಿಲ ಎಂಬ ಪಟ್ಟಣದ ಅಧಿಕಾರಿಗಳನ್ನು ಉದ್ದೇಶಿಸಿ, ಮೊದಲು ಅವರ ಕ್ಷೇಮ ವಿಚಾರಿಸಿ, ಆಮೇಲೆ ಹೇಳಬೇಕಾದ್ದನ್ನು ಹೇಳುತ್ತದೆ. ಬಂಡೆ ಇದೆ, ಅಕ್ಷರ ಇದೆ. ಇಸಿಲ ಇಲ್ಲ, ಅಧಿಕಾರಿಗಳೂ ಇಲ್ಲ. ಸೆಟ್ ಒಡೆದು ಎಲ್ಲರೂ ಹೊರಟ ಮೇಲೂ ಡೈಲಾಗ್ ಹೇಳುತ್ತ ಒಬ್ಬನೇ ನಿಂತ ನಟನ ಹಾಗೆ.

ಸೆಟ್ಟಿನ ಅನಿತ್ಯವನ್ನು ಹೀಗೆ ಹಗುರಾಗಿ ಬರೆಯುತ್ತ ಹೋಗುವಾಗ ಒಂದು ದಿನಾಂಕ ಕೈ ಹಿಡಿದು ನಿಲ್ಲಿಸುತ್ತದೆ. 1989ರ ಫೆಬ್ರವರಿ 8. ಮೈಸೂರಿನ ಪ್ರೀಮಿಯರ್ ಸ್ಟುಡಿಯೋದಲ್ಲಿ ‘ದಿ ಸ್ವೋರ್ಡ್ ಆಫ್ ಟಿಪ್ಪು ಸುಲ್ತಾನ್’ ಧಾರಾವಾಹಿಯ ಚಿತ್ರೀಕರಣ ನಡೆಯುತ್ತಿದ್ದಾಗ ಬೆಂಕಿ ಹತ್ತಿತು. 62 ಜನ ಸತ್ತರು. ದುರ್ಗವನ್ನು ಗೆದ್ದ ಹೈದರನ ಮನೆತನದ ವೈಭವ ತೋರಿಸಲು ಹಾಕಿದ್ದ ಸೆಟ್ಟು ಅದು. ಗೋಣಿ, ಬಟ್ಟೆ, ಪ್ಲೈವುಡ್ಡು, ಬಣ್ಣ, ಎಲ್ಲವೂ ಉರಿಯುವ ಸಾಮಾನೇ. ಅರಮನೆ ಸುಳ್ಳಾಗಿತ್ತು, ಸಾವು ಸುಳ್ಳಾಗಿರಲಿಲ್ಲ. ಸತ್ತವರಲ್ಲಿ ಹೆಚ್ಚಿನವರ ಹೆಸರು ಯಾವ ಟೈಟಲ್ ಕಾರ್ಡಿನಲ್ಲೂ ಬರುವಂಥದ್ದಲ್ಲ. ಜಗತ್ತು ನಾಟಕ, ಎಲ್ಲ ಮಾಯೆ ಅಂತ ಸಲೀಸಾಗಿ ಹೇಳುವವರ ಮುಂದೆ ನಾನು ಈ ದಿನಾಂಕ ಹೇಳುತ್ತೇನೆ.

ನಮ್ಮ ಮನೆಗೆ ಬರೋಣ. ಮಾಳಿಗೆ ಮನೆಯನ್ನು ಸಾಕುವುದು ಎಮ್ಮೆ ಸಾಕಿದ ಹಾಗೆ, ಒಂದು ದಿನ ಬಿಟ್ಟರೂ ಆಗದು. ಮುಂಗಾರಿಗೆ ಮೊದಲು ಮಾಳಿಗೆಗೆ ಕರಲು ಮಣ್ಣು ಹೊರಬೇಕು, ಹುಲ್ಲು ಕೀಳಬೇಕು, ಇಲಿ ತೋಡಿದ ಬಿಲ ಮುಚ್ಚಬೇಕು. ಅಪ್ಪನಿಗೆ ಮಂಡಿ ನೋವು. ನಾವು ಅಣ್ಣತಮ್ಮಂದಿರು ಹೊರಗೆ. ಒಂದು ಮಳೆಗಾಲ ನಡುಮನೆಯ ತೊಲೆ ಬಿರುಕು ಬಿಟ್ಟಿತು. ಮುಂದಿನ ಬೇಸಿಗೆಗೆ ಆರ್‌ಸಿಸಿ ಮನೆ ಅಂತ ತೀರ್ಮಾನವಾಯಿತು. ಕೆಡವಿದ ಗೋಡೆಯ ಮಣ್ಣು ಬಲು ಫಲವತ್ತು ಅಂತ ನಮ್ಮಲ್ಲಿ ಹೊಲಕ್ಕೆ ಹೊಡೆಯುತ್ತಾರೆ. ಹದಿನೇಳು ಟ್ರ್ಯಾಕ್ಟರ್ ಮಣ್ಣು ಹೋಯಿತು. ಅಜ್ಜನ ಕಲೆ ಯಾವ ಟ್ರ್ಯಾಕ್ಟರಿನಲ್ಲಿ ಹೋಯಿತೋ. ಆ ವರ್ಷ ಶೇಂಗಾ ಚೆನ್ನಾಗಿ ಬಂತು, ಮಳೆಯೂ ಚೆನ್ನಾಗಿತ್ತು.

ತಲೆಬಾಗಿಲನ್ನು ಹಳೇ ಮರದ ವ್ಯಾಪಾರಿಯೊಬ್ಬ ಬಂದು ನೋಡಿದ. ಚೌಕಟ್ಟಿಗೆ ಹುಳ ಹಿಡಿದಿದೆ ಅಂದ, ಎಡಗಡೆಯ ಆನೆಯ ಸೊಂಡಿಲು ಮುರಿದಿದೆ ಅಂದ. ಸೊಂಡಿಲು ಮುರಿದವನು ನಾನೇ. ಐದನೇ ಕ್ಲಾಸಿನಲ್ಲಿ, ಚಿಣ್ಣಿ ಹೊಡೆದು. ಅದಕ್ಕೆ ಅವತ್ತು ಬಿದ್ದ ಏಟಿನ ಜೊತೆಗೆ ಈಗ ಬೆಲೆಯಲ್ಲೂ ಎರಡು ಸಾವಿರ ಕಡಿತ. ಎಂಟು ಸಾವಿರಕ್ಕೆ ಬಾಗಿಲು ಟೆಂಪೋ ಹತ್ತಿತು. ಅವ್ವ ಹೊಸ್ತಿಲಿಗೆ ಅರಿಶಿನ ಕುಂಕುಮ ಹಚ್ಚಿ ಕಳಿಸಿದಳು, ಮಗಳನ್ನು ಕಳಿಸಿದ ಹಾಗೆ.

ಆರೇಳು ವರ್ಷ ಕಳೆದಿರಬೇಕು. ಒಂದು ರಾತ್ರಿ ಅವ್ವ ಟಿವಿ ಮುಂದಿನಿಂದ ಕೂಗಿಕೊಂಡಳು: ‘ಲೋ, ಬಾರೋ ಇಲ್ಲಿ! ನಮ್ಮ ಬಾಗಿಲು!’

ಓಡಿಬಂದು ನೋಡಿದರೆ ನಿಜ. ಯಾವುದೋ ಜಮೀನ್ದಾರರ ಮನೆ, ಝಗಮಗ ದೀಪ, ಮಧ್ಯೆ ನಮ್ಮ ಬಾಗಿಲು. ಪಾಲಿಶ್ ಹೊಡೆದಿದ್ದರು. ಗಜಲಕ್ಷ್ಮಿಗೆ ಬಂಗಾರದ ಬಣ್ಣ ಬಳಿದಿದ್ದರು. ಎಡಗಡೆ ಆನೆಗೆ ಸೊಂಡಿಲಿರಲಿಲ್ಲ. ಕೆಟ್ಟ ಅತ್ತೆಯ ಪಾತ್ರದವಳು ಸೊಸೆಯನ್ನು ಹೊರಗೆ ಹಾಕುತ್ತ ಅಲ್ಲಿ ನಿಂತಿದ್ದಳು. ಅವ್ವನ ಸಿಟ್ಟಿಗೆ ಕಾರಣ ಅದಲ್ಲ.

‘ಹೊಸ್ತಿಲ ಮ್ಯಾಲೆ ನಿಂತವಳೆ ನೋಡು ಆಯಮ್ಮ! ಯಾರೂ ಹೇಳೋರಿಲ್ಲ ಅವಳಿಗೆ.’

ಆಮೇಲೆ ವಿಚಾರಿಸಿದೆ. ಇಂಥ ಬಾಗಿಲು, ಕಂಬ, ತೊಟ್ಟಿಲು, ಬೀಸುವ ಕಲ್ಲುಗಳನ್ನು ಗೋಡೌನಿನಲ್ಲಿಟ್ಟು ದಿನಬಾಡಿಗೆಗೆ ಕೊಡುವವರು ಬೆಂಗಳೂರಿನಲ್ಲಿದ್ದಾರೆ. ಇವತ್ತು ಗೌಡರ ಮನೆ, ನಾಳೆ ಪುರೋಹಿತರ ಮನೆ, ನಾಡಿದ್ದು ದೆವ್ವದ ಮನೆ. ಸಿನಿಮಾ ಬಾಗಿಲಿನ ಇನ್ನೊಂದು ಪವಾಡ ಅಂದರೆ ಅದರ ಹೊರಗು ಒಂದೂರಲ್ಲಿ, ಒಳಗು ಇನ್ನೊಂದೂರಲ್ಲಿ. ನಾಯಕ ತೀರ್ಥಹಳ್ಳಿಯಲ್ಲಿ ಬಲಗಾಲು ಎತ್ತಿ ಬೆಂಗಳೂರಿನಲ್ಲಿ ಇಡುತ್ತಾನೆ. ನಾಲ್ಕು ತಲೆಮಾರು ನಮ್ಮ ಮನೆಯಲ್ಲಿ ಅಲುಗದೆ ನಿಂತಿದ್ದ ಸ್ಥಾವರ ಈಗ ಜಂಗಮವಾಗಿ ತಿರುಗುತ್ತಿದೆ. ಎಷ್ಟು ಮದುವೆ ದಿಬ್ಬಣ, ಎಷ್ಟು ಹೆಣ ಅದರಿಂದ ಹೊರಗೆ ಹೋದವೋ, ಯಾವುದೂ ನಿಜವಲ್ಲ. ನಮ್ಮ ಮನೆಯಲ್ಲಿ ಹೋದವು ನಿಜ, ಆದರೆ ಅವನ್ನು ನೋಡಿದವರು ಈಗ ಅವ್ವ ಒಬ್ಬಳೇ.

ಕಲಾ ನಿರ್ದೇಶಕರ ಕೆಲಸ ಉಳಿದ ಉದಾಹರಣೆ ಇಲ್ಲದಿಲ್ಲ. ಶಂಕರ್‌ನಾಗ್ ಅವರ ‘ಮಾಲ್ಗುಡಿ ಡೇಸ್’ಗೆ 1986ರ ಹೊತ್ತಿನಲ್ಲಿ ಜಾನ್ ದೇವರಾಜ್ ಮಾಲ್ಗುಡಿ ಎಂಬ ಇಲ್ಲದ ಊರನ್ನು ಆಗುಂಬೆಯಲ್ಲಿ ಎಬ್ಬಿಸಿದರು. ರೈಲು ನಿಲ್ದಾಣಕ್ಕೆ ಶಿವಮೊಗ್ಗ ಜಿಲ್ಲೆಯ ಅರಸಾಳು ಸ್ಟೇಷನ್ನು. ಧಾರಾವಾಹಿ ಮುಗಿಯಿತು, 1990ರಲ್ಲಿ ಶಂಕರ್ ನಮ್ಮ ದಾವಣಗೆರೆ ಹತ್ತಿರದ ಅಪಘಾತದಲ್ಲಿ ಹೋದರು, ಸ್ಟೇಷನ್ನಿನ ಹಳೇ ಕಟ್ಟಡ ಪಾಳುಬಿತ್ತು. ಮೂವತ್ತು ವರ್ಷ ದಾಟಿದ ಮೇಲೆ ರೈಲ್ವೆಯವರು ಅದೇ ಜಾನ್ ದೇವರಾಜ್ ಅವರಿಂದ ಅದನ್ನು ಸರಿಮಾಡಿಸಿ ಮಾಲ್ಗುಡಿ ಮ್ಯೂಸಿಯಂ ಮಾಡಿದ್ದಾರೆ. ಒಳ್ಳೆಯದೇ. ಮಕ್ಕಳನ್ನು ಕರೆದುಕೊಂಡು ಹೋಗಿ. ನನಗಂತೂ ಅಲ್ಲಿ ಸ್ವಲ್ಪ ಕಸಿವಿಸಿ. ನಿಜವಾದ ನಿಲ್ದಾಣ ಸುಳ್ಳು ನಿಲ್ದಾಣವಾಗಿ, ಈಗ ಸುಳ್ಳಿನ ನಿಜವಾದ ನೆನಪಾಗಿ, ಗಾಜಿನ ಹಿಂದೆ ಸೇರಿದೆ. ಗಾಜಿಗೆ ಒರಗಿದರೆ ಕಾವಲುಗಾರ ಬಯ್ಯುತ್ತಾನೆ.

ಇದಕ್ಕಿಂತ ನನಗೆ ಹೊಸದುರ್ಗ ತಾಲ್ಲೂಕಿನ ಸಾಣೇಹಳ್ಳಿಯವರ ದಾರಿ ಇಷ್ಟ. ಪಂಡಿತಾರಾಧ್ಯ ಶಿವಾಚಾರ್ಯ ಸ್ವಾಮೀಜಿ 1997ರಲ್ಲಿ ಶುರುಮಾಡಿದ ಶಿವಸಂಚಾರ ಪ್ರತಿವರ್ಷ ನಾಟಕ ಕಟ್ಟಿಕೊಂಡು ಊರೂರು ತಿರುಗುತ್ತದೆ. ಸಂಜೆ ರಂಗಸಜ್ಜಿಕೆ ಇಳಿಸು, ನಾಟಕ ಮಾಡು, ರಾತ್ರಿಯೇ ಲೋಡು ಮಾಡು. ಬಿಚ್ಚುವುದನ್ನು ಮನಸ್ಸಿನಲ್ಲಿಟ್ಟುಕೊಂಡೇ ಕಟ್ಟುತ್ತಾರೆ. ನಮ್ಮೂರಲ್ಲಿ ಹಬ್ಬಕ್ಕೆ ‘ಕುರುಕ್ಷೇತ್ರ’ ಆಡಿದಾಗ ಬಾಡಿಗೆ ಸೀನರಿಯವರು ತರುತ್ತಿದ್ದ ಪರದೆಗಳೂ ಹಾಗೇ. ಬೀದಿ ಸೀನು, ಕಾಡು ಸೀನು, ಅರಮನೆ ಸೀನು. ಸುತ್ತಿಟ್ಟರೆ ಹಸ್ತಿನಾಪುರ ಒಂದು ತೊಲೆಯಷ್ಟು ಉದ್ದ, ಇಬ್ಬರು ಹೊತ್ತರೆ ಸಾಕು. ಬೆಳಗಿನ ಜಾವ ದುರ್ಯೋಧನ ಸತ್ತ ಜಾಗದಲ್ಲಿ ಅದೇ ದುರ್ಯೋಧನ ಬೀಡಿ ಹಚ್ಚಿಕೊಂಡು ಪರದೆ ಸುತ್ತಲು ಕೈ ಹಾಕುತ್ತಿದ್ದ.

ಸಿನಿಮಾದಲ್ಲಿ ಉಳಿಯಿತಲ್ಲ, ಅಷ್ಟು ಸಾಲದೆ ಅನ್ನಬಹುದು. ಉಳಿಯಿತು ಅನ್ನುವುದೂ ಭ್ರಮೆಯೇ. ಕನ್ನಡದ ಮೊದಲ ಮಾತಿನ ಚಿತ್ರ ‘ಸತಿ ಸುಲೋಚನ’, 1934ರದು, ಕೊಲ್ಹಾಪುರದಲ್ಲಿ ತೆಗೆದದ್ದು. ಅದರ ಒಂದು ಪ್ರಿಂಟೂ ಇಲ್ಲ. ರಾವಣನ ಲಂಕೆಯನ್ನು ಯಾರೋ ಕಟ್ಟಿರಬೇಕು, ಯಾವುದೋ ಬಡಗಿ ಇಂದ್ರಜಿತುವಿನ ಬಾಗಿಲಿಗೆ ಕೀಲು ಕೂರಿಸಿರಬೇಕು. ಲಂಕೆಯೂ ಹೋಯಿತು, ಅದರ ನೆರಳೂ ಹೋಯಿತು.

ಆ ಕಲಾ ನಿರ್ದೇಶಕರು ಈಗ ಎಲ್ಲಿದ್ದಾರೋ ತಿಳಿಯದು; ಫೋನ್ ನಂಬರು ಬೇರೆ ಯಾರದೋ ಆಗಿದೆ. ಹೊಸ ಮನೆಯ ಗೋಡೆಗೆ ಪ್ಲಾಸ್ಟಿಕ್ ಪೇಂಟು, ಒದ್ದೆ ಬಟ್ಟೆಯಲ್ಲಿ ಒರೆಸಿದರೆ ಹೋಗುತ್ತದೆ. ಅಪ್ಪ ಪ್ಲಾಸ್ಟಿಕ್ ಕುರ್ಚಿಯಲ್ಲೇ ಕೂತು ಕಾಲ ಕಳೆದು ಹೋದ. ಅವ್ವ ಮಾತ್ರ ರಾತ್ರಿ ಎಂಟರಿಂದ ಹತ್ತರವರೆಗೆ ಚಾನೆಲ್ ತಿರುಗಿಸುತ್ತ ಕೂರುತ್ತಾಳೆ. ಕಥೆ ನೋಡುವುದಿಲ್ಲ, ಬಾಗಿಲು ನೋಡುತ್ತಾಳೆ. ಕಳೆದ ಶ್ರಾವಣದಿಂದ ಕಂಡಿಲ್ಲ. ನಿಮ್ಮ ಮನೆಯ ಟಿವಿಯಲ್ಲಿ ಎಡಗಡೆ ಆನೆಗೆ ಸೊಂಡಿಲಿಲ್ಲದ ಗಜಲಕ್ಷ್ಮಿ ಬಾಗಿಲು ಬಂದರೆ, ಅದು ಯಾರ ಮನೆಯದೆಂದು ಕಥೆಯಲ್ಲಿ ಹೇಳಿದರೂ ನಂಬಬೇಡಿ. ಅದು ತುರುವನೂರಿನದು.